ಎರಡು ಮನೆಯ ಕಾಫಿ

ಸರ್ವೆ ಕೆಲಸದಲ್ಲಿದ್ದಾಗ ವನಗೂರಿಗೆ ಹೋಗಿದ್ದೆ. ಎರಡು ಏಲಕ್ಕಿ ತೋಟಗಳ ನಡುವಿನ ಒರತೆ ಯಾರಿಗೆ ಸೇರಿದ್ದು ಅಂತ ಅಳೆದು ಹೇಳಬೇಕಿತ್ತು. ಅಳೆಯೋಕೆ ಮುಂಚೆ ಎರಡೂ ಮನೆಯಲ್ಲಿ ಕಾಫಿ ಆಯ್ತು. "ಒರತೆ ನಮ್ದೇ ಅಲ್ವಾ ಸಾಹೇಬ್ರೇ?" ಅಂತ ಎರಡೂ ಕಡೆ ಕೇಳಿದರು. ಅವರ ಲೋಟ ಕೈಲಿ ಹಿಡಿದು ಇಲ್ಲ ಅನ್ನೋದು ಹೇಗೆ? ಇಬ್ಬರಿಗೂ ಹೂಂ ಅಂದೆ.

ಸಾಕ್ಷಿಗೆ ಪಕ್ಕದ ಎಸ್ಟೇಟಿನ ಮುದಿ ಇಂಗ್ಲಿಷ್ ದೊರೆ ಬಂದಿದ್ದರು. ಅವರೆದುರಿಗೇ ಇಬ್ಬರೂ, "ಸಾಹೇಬ್ರೂ ಒಪ್ಕಂಡವ್ರೆ" ಅಂತ ನನ್ನ ಕಡೆ ಕೈ ತೋರಿಸಿಬಿಟ್ಟರು. ನಾನು ಅಳತೆಯ ಸರಪಳಿ ಬಿಡಿಸುವವನಂತೆ ಬಗ್ಗಿದೆ.

ದೊರೆ ನಕ್ಕರು. "ತುರ್ಕರ ಸಾಮ್ರಾಜ್ಯ ಬಿದ್ದ ಮೇಲೆ ಪ್ಯಾಲೆಸ್ಟೈನ್ ಆಳೋಕೆ ನಮ್ಮೋರು ಹೋದ್ರು. ನಾನೂ ಅಲ್ಲಿ ಅಧಿಕಾರಿ. ಅರಬರು ನೆಲ ನಮ್ದು ಅಂದ್ರು, ಹೂಂ ಅಂದ್ವಿ. ಯಹೂದಿಗಳು ನಮ್ದು ಅಂದ್ರು, ಅವರಿಗೂ ಹೂಂ ಅಂದ್ವಿ. ಜಗಳ ಹತ್ಕೊಂಡಾಗ ಹಡಗು ಹತ್ತಿ ಬಂದ್ಬುಟ್ವಿ. ಇಲ್ಲಿ ಹಂಗಾಗಲ್ಲ ಕಣ್ರೀ, ನಾಳೆನೂ ನಾನು ನಿಮ್ಮ ಮಧ್ಯೆನೇ ಇರ್ಬೇಕು."

ಇಬ್ಬರೂ ತಲೆ ಕೆರೆದುಕೊಂಡರು. ಕೊನೆಗೆ ಅಳತೆಯೇ ಬೇಡ, ದಿನ ಬಿಟ್ಟು ದಿನ ನೀರು ಹಾಯಿಸಿಕೊಳ್ಳೋಣ ಅಂತ ತಾವೇ ಒಪ್ಪಿಕೊಂಡರು. ನಾನು ಖುಷಿಯಾಗಿ ಜೀಪು ಹತ್ತಿದೆ. ದೊರೆ ಬಾನೆಟ್ಟು ತಟ್ಟಿ ಕೇಳಿದರು, "ಸಾಹೇಬ್ರೇ, ನಿಮ್ಮ ಹಡಗು ಇದೇನಾ?"