ಗೋಡೆಯಲ್ಲಿ ಇಲ್ಲದ ಬಾಗಿಲು

"ಈ ಬಾಗಲಾ ನೀವ್ ಯಾವಾಗ ನೋಡಿದ್ರಿ ಯಪ್ಪಾ?"

ಬೆನ್ನ ಹಿಂದೆ ನಿಂತಿದ್ದ ಆ ಓಣಿಯ ಅಜ್ಜಿಯೊಬ್ಬರು ಹೀಗೆ ಕೇಳಿದಾಗ ನನ್ನ ಪೆನ್ಸಿಲ್ ನಿಂತಿತು. ತಲೆಯೆತ್ತಿ ನೋಡಿದೆ. ಎದುರಿನ ಮನೆಗೆ ಇದ್ದದ್ದು ಒಂದೇ ಬಾಗಿಲು. ನಾನು ಎರಡು ಬರೆದಿದ್ದೆ. ಎರಡನೆಯದರ ಜಾಗದಲ್ಲಿ ಬರೀ ಗೋಡೆಯಿತ್ತು.

ಆ ಭಾನುವಾರ ಬೆಳಿಗ್ಗೆ ಡ್ರಾಯಿಂಗ್ ಮಾಸ್ತರರೊಬ್ಬರು ಗಜೇಂದ್ರಗಡದ ಓಣಿಗಳಲ್ಲಿ, ಆ ಊರಿಗೆ ಮೊದಲ ಸಲ ಬಂದಿದ್ದ ನಮ್ಮನ್ನು ನಡೆಸುತ್ತಾ ಚಿತ್ರ ಬರೆಸುತ್ತಿದ್ದರು. ಕಂಡದ್ದನ್ನಷ್ಟೇ ಬರೆಯಬೇಕೆಂಬುದು ಅವರ ನಿಯಮ. ನಿಯಮ ಮೀರುವ ಅಭ್ಯಾಸ ನನಗಿಲ್ಲ. ಎರಡೂ ಬದಿ ಸರಿದೂಗಲೆಂದು ಕೈ ತಾನಾಗಿ ಬರೆದಿರಬೇಕು ಎಂದುಕೊಂಡು ರಬ್ಬರ್ ತೆಗೆದೆ.

ಅಜ್ಜಿ ನನ್ನ ಕೈ ಹಿಡಿದರು. "ಅಳಸಬ್ಯಾಡ್ರಿ! ನಮ್ಮವ್ವ ಸತ್ತ ವರ್ಷ ಈ ಬಾಗಲಾ ಮುಚ್ಚಿಸಿದ್ರು. ಅಕಿ ಈಳಿಗಿ ಮಸದ್ ಮಸದ್ ಮೆಟ್ಟಿಲದ ಕಲ್ಲು ಹಿಂಗ ತಗ್ಗ ಬಿದ್ದಿತ್ತು. ಅದನ್ನೂ ಬರದೀರಲ್ರಿ. ಅಕಿದು ಒಂದು ಫೋಟೋನೂ ಇಲ್ಲರಿ ನನ್ನ ಹತ್ರ."

ಹೌದು, ನನ್ನ ಹಾಳೆಯಲ್ಲಿ ಆ ಬಾಗಿಲ ಮುಂದಿನ ಮೆಟ್ಟಿಲಿನ ಬಲತುದಿ ಸವೆದು ತಗ್ಗಾಗಿತ್ತು. ಹಾಳೆಯನ್ನು ಅವರಿಗೇ ಕೊಟ್ಟೆ. ಅವರು ಅದನ್ನು ಆ ಗೋಡೆಗೆ ಒತ್ತಿ ಹಿಡಿದರು.

ಬಾಗಿಲನ್ನು ಅಂದಕ್ಕಾಗಿ ಬರೆದೆ ಎನ್ನಬಹುದು. ಆದರೆ ಒಂದು ಗೆರೆ ಸೊಟ್ಟಗಾದರೂ ಸಹಿಸದ ನಾನು ಆ ತಗ್ಗನ್ನು ಯಾಕೆ ಬರೆದೆ?