ಸಾರಥಿಯಿಲ್ಲದ ದೊಡ್ಡಾಟ

ಸಾಕ್ಷ್ಯಚಿತ್ರ ಮಾಡುತ್ತೇನೆ ಎಂದರೆ ಕೊಟ್ಟೂರಿನಿಂದ ಹಡಗಲಿಯವರೆಗೆ ಎಲ್ಲರೂ ಕೇಳುವುದು ಒಂದೇ, ಯಾವ ಚಾನಲ್ಲು ಅಂತ. ನಾನು ಕ್ಯಾಮೆರಾ ಹಿಡಿದು ಹೊರಟದ್ದು ಕಲಾವಿದರ ಹಿಂದೆ. ರಾಜಕೀಯ ತಾನಾಗಿ ಬಂದು ಅಡ್ಡ ನಿಲ್ಲುತ್ತದೆ. ಹಲವಾಗಲಿನಲ್ಲಿ ಆದದ್ದು ನೆನೆದರೆ ಈಗಲೂ ಮೈ ಉರಿಯುತ್ತದೆ.

ಅಲ್ಲಿ ನಾನು ಚಿತ್ರೀಕರಿಸುತ್ತಿದ್ದದ್ದು ದೊಡ್ಡಾಟದ ಒಬ್ಬ ಸಾರಥಿಯನ್ನು. ಬೇರೆ ದಿನ ಪಂಪ್‌ಸೆಟ್ ರಿಪೇರಿ, ಆಟದ ದಿನ ಸಾರಥಿ. ರಂಗಕ್ಕೆ ಯಾವ ವೇಷ ಬಂದರೂ ಸಾರಥಿ 'ತಾವು ಯಾರು?' ಎಂದು ಕೇಳಲೇಬೇಕು. ದೇವೇಂದ್ರನಾದರೂ ಹೆಸರು ಹೇಳಿದ ಮೇಲೇ ಮಾತು ಶುರು. ಅವತ್ತು ಆಟದ ನಡುವೆ, ಸನ್ಮಾನಕ್ಕೆಂದು, ಆ ಭಾಗದ ಮುಖಂಡರೊಬ್ಬರನ್ನು ರಂಗ ಹತ್ತಿಸಿದರು. ಇವನು ರೂಢಿಯಂತೆ ಕೈಮುಗಿದು ಕೇಳಿಯೇಬಿಟ್ಟ.

"ತಾವು ಯಾರ್ರಿ? ಎಲ್ಲಿಂದ ಬಂದ್ರಿ?"

ಜನ ಬಿದ್ದು ಬಿದ್ದು ನಕ್ಕರು. ಮುಖಂಡರು ಹಾರ ಕಿತ್ತು ಬಿಸಾಕಿ ಕೆಳಗಿಳಿದರು.

ಆಮೇಲೆ ಹರಪನಹಳ್ಳಿಯ ಕಾರ್ಯಕ್ರಮಕ್ಕೆ ಮೇಳವನ್ನು ಕರೆದವರು, ಆ ಸಾರಥಿಯೊಬ್ಬ ಬೇಡ ಎಂದರು. ಮೇಳದ ಮಾಸ್ತರರು ಹಲ್ಲುಗಿಂಜಿ ಒಪ್ಪಿಕೊಂಡರು. ಥೂ ನಿಮ್ಮ, ವೇಷದಲ್ಲಷ್ಟೇ ರಾಜರು ನೀವು ಎಂದು ನಾನು ಬಾಯಿಗೆ ಬಂದಂತೆ ಬೈದೆ. ಅಷ್ಟಾದರೂ, ಸಾರಥಿಯ ವೇಷ ಕಟ್ಟಲು ಮೇಳದಲ್ಲಿ ಬೇರೆ ಯಾರೂ ಮುಂದೆ ಬರಲಿಲ್ಲ. ಸಾರಥಿಯಿಲ್ಲದೆಯೇ ಆಡುತ್ತೇವೆಂದು ಹೊರಟರು.

ನಾನು ಅವನನ್ನು ಬೈಕಿನಲ್ಲಿ ಕೂರಿಸಿಕೊಂಡು ಹರಪನಹಳ್ಳಿಗೆ ಹೋದೆ. ಜನರ ನಡುವೆ ಕೂತು ಕ್ಯಾಮೆರಾ ಚಾಲೂ ಮಾಡಿದೆ. ಮುಂದಿನ ಸೋಫಾದಲ್ಲಿ ಅದೇ ಮುಖಂಡರು. ರಾಜನ ವೇಷದವನು ಕುಣಿಯುತ್ತಾ ಬಂದು ನಿಂತ. ನಿಂತೇ ಇದ್ದ. ಯಾರೂ ಕೇಳದೆ ಹೆಸರು ಹೇಳಿ ಅವನಿಗೆ ಅಭ್ಯಾಸವಿಲ್ಲ. ಮದ್ದಳೆಯವನು ಮತ್ತೆ ಬಾರಿಸಿದ, ರಾಜ ಮತ್ತೆ ಕುಣಿದು ಬೆವರುತ್ತಾ ನಿಂತ. ಅವನ ಕಣ್ಣು ಜನರ ನಡುವೆ ಇವನನ್ನೇ ಹುಡುಕುತ್ತಿತ್ತು.

ಇಲ್ಲಿಂದಲೇ ಕೂಗಿ ಕೇಳೋ ಮಾರಾಯ ಎಂದು ನಾನು ಇವನ ತೋಳು ಜಗ್ಗಿದೆ.

"ಬ್ಯಾಡ್ರಿ," ಎಂದ. "ನಾ ಬಾಯಿ ಬಿಟ್ರ ಮ್ಯಾಳಾನೂ ಬಂದ್ ಮಾಡಸ್ತಾರ. ಅವರಾದ್ರೂ ಆಡ್ಲಿ."

ರಾಜ ತಲೆ ತಗ್ಗಿಸಿ ಒಳಗೆ ಹೋದ. ಅದೂ ಆಟವೇ ಇರಬೇಕೆಂದುಕೊಂಡು ಮುಖಂಡರು ಚಪ್ಪಾಳೆ ತಟ್ಟಿದರು. ಅವರನ್ನು ನೋಡಿ ಹಿಂದಿನವರೂ ತಟ್ಟಿದರು. ಮೇಳದ ಮರ್ಯಾದೆ ಹೋಗಬಾರದೆಂದು, ನನ್ನ ಪಕ್ಕದಲ್ಲಿ, ಸಾರಥಿಯೂ ಎರಡೂ ಕೈ ಮೇಲೆತ್ತಿ ತಟ್ಟಿದ.