ಎಲ್ಲರೂ ಸೋಡಾ ಕೇಳಿದ ದಿನ

ಕುಮಟಾದ ವೈನ್ ಶಾಪಿನ ಕೌಂಟರಿನಲ್ಲಿ ಹೆಂಗಸೊಬ್ಬರು ನಿಂತು ಬಾಟಲಿಗೆ ಪೇಪರ್ ಸುತ್ತುತ್ತಿದ್ದರು. ಮುಖ ನೋಡಿದರೆ ನಾಗವೇಣಿ, ನಮ್ಮ ಶಾಲೆಯ ಸುಧಾಳ ತಾಯಿ.

ನಾನು ಹಿರೇಗುತ್ತಿ ಕಡೆಯ ಶಾಲೆಯ ಮಾಸ್ತರ. ಗುರುತಿನವರು ಕಾಣಬಾರದೆಂದೇ ಬಸ್ಸು ಹತ್ತಿ ಪೇಟೆಗೆ ಬಂದು ಬಿಯರ್ ಒಯ್ಯುತ್ತಿದ್ದವ. ಇದು ಎರಡು ಸಾವಿರದ ಇಸವಿಯ ಆಚೀಚಿನ ಮಾತು.

"ಎಂತ ಬೇಕು ಮಾಸ್ತರ್ರೆ?"

"ಎರಡು ಸೋಡಾ" ಎಂದುಬಿಟ್ಟೆ.

"ಸೋಡಾ ಖಾಲಿ ಆತು. ಮೊನ್ನೆವರಿಗೆ ನಾನು ಹಿಂದ್ಗಡೆ ಖಾಲಿ ಬಾಟ್ಲಿ ಆಯ್ತಿದ್ದೆ. ಈ ವಾರ ವ್ಯಾಪಾರ ಇಳೀದಿದ್ರೆ ಕೌಂಟರಲ್ಲೇ ಇರು ಅಂತ ಯಜಮಾನ್ರು ಹೇಳಿರು. ಬೆಳಗ್ಗಿಂದ ಬಂದೋರೆಲ್ಲ ನನ್ನ ಮುಖ ನೋಡಿ ಬರೀ ಸೋಡಾ ಕೇಳ್ತರು."

ನನಗೆ ನಾಚಿಕೆಯಾಯಿತು. ಈ ಸಲ ಬೇರೆ ಕಾರಣಕ್ಕೆ. ಅಂಗಡಿಯಲ್ಲಿದ್ದವರಿಗೆಲ್ಲ ಕೇಳುವಂತೆ "ಎರಡು ಬಿಯರ್ ಕೊಡಿ" ಎಂದೆ.

ಮಳೆಯಿಲ್ಲದಿದ್ದರೂ ಕೊಡೆಯನ್ನು ಮುಖಕ್ಕೆ ಅಡ್ಡ ಹಿಡಿದು, ಕೊನೆಯ ಸೋಡಾದೊಂದಿಗೆ ಪಕ್ಕದಲ್ಲಿ ನಿಂತಿದ್ದವರೊಬ್ಬರು ಮೆಲ್ಲಗೆ ಕೊಡೆ ಮಡಚಿದರು. ನೋಡಿದರೆ ನಮ್ಮ ಹೆಡ್ಮಾಸ್ತರು.

"ಹಾಂಗಾರೆ ನಂಗೂ ಒಂದು ಕ್ವಾರ್ಟರ್ ಕೊಡು ತಂಗಿ" ಎಂದರು. ನಾಗವೇಣಿ ನಗುತ್ತ ಪೇಪರ್ ಹರಿದರು.

ಕೌಂಟರಿನ ಕೆಲಸ ನಾಗವೇಣಿಗೇ ಉಳಿಯಿತು. ಮುಂದಿನ ಪಾಲಕರ ಸಭೆಗೆ ಅವರು ಬಂದಾಗ ನಾನೂ ಹೆಡ್ಮಾಸ್ತರೂ ಒಟ್ಟಿಗೇ ಎದ್ದು ಕುರ್ಚಿ ಕೊಟ್ಟೆವು. ಅಷ್ಟು ವರ್ಷ ಅವರು ಬಾಗಿಲಲ್ಲೇ ನಿಂತು ಮಗಳ ಮಾರ್ಕು ಕೇಳಿಕೊಂಡು ಹೋಗುತ್ತಿದ್ದರೆಂಬುದು ನನಗೆ ಹೊಳೆದದ್ದು ಆಗಲೇ.